ನಿಮಗಿದು ಗೊತ್ತೇ? ಬೇಳೆ ಬೇಯುವ ಮುಂಚೆ ಬೆಲ್ಲ ಬೇಡ

ಬೇಳೆ ಅರ್ಧ ಬೆಂದಾಗ ಬೆಲ್ಲ ಹಾಕಿದರೆ ಅದು ಅಲ್ಲಿಗೇ ಹಟ ಹಿಡಿದು ನಿಲ್ಲುತ್ತದೆ. ಆಮೇಲೆ ಎಷ್ಟು ಕುದಿಸಿದರೂ ಮೆತ್ತಗಾಗುವುದು ಕಷ್ಟ. ಕಾಳಿನ ಕೋಶಗಳನ್ನು ಅಂಟಿಸಿಟ್ಟಿರುವ ಪೆಕ್ಟಿನ್ ಕರಗಿದರೇ ಕಾಳು ಬೇಯುವುದು. ಬೆಲ್ಲದ ಕ್ಯಾಲ್ಸಿಯಂ ಅದನ್ನು ಬಿಗಿ ಮಾಡುತ್ತದೆ, ಸಕ್ಕರೆ ಅಂಶ ಕಾಳಿಗೆ ನೀರು ಹೋಗದಂತೆ ತಡೆಯುತ್ತದೆ. ಯಶವಂತನಗರದಿಂದ ಕಂಪ್ಲಿವರೆಗೆ ಹೋಳಿಗೆ ಮಾಡುವ ಮನೆಗಳಲ್ಲಿ ಬೇಳೆ ಬೆಂದು, ಕಟ್ಟು ಬಸಿದ ಮೇಲೆಯೇ ಬೆಲ್ಲ ಬೀಳುವುದಕ್ಕೆ ಕಾರಣ ಇದೇ.

ಅಮೆರಿಕದ ಬೋಸ್ಟನ್ನಿನವರು ಇದನ್ನೇ ತಿರುಗಿಸಿ ಬಳಸಿಕೊಂಡರು! ಅವರ ಸಿಹಿ ಬೇಕ್ಡ್ ಬೀನ್ಸ್‌ಗೆ ಕಾಕಂಬಿಯನ್ನು ಮೊದಲೇ ಸುರಿಯುತ್ತಾರೆ. ಹಾಗಾಗಿ ಏಳೆಂಟು ತಾಸು ಒಲೆಯಲ್ಲಿದ್ದರೂ ಕಾಳು ಕರಗಿ ಗಂಜಿಯಾಗುವುದಿಲ್ಲ. ಆ ಊರಿನ ಕಾಕಂಬಿಗೆ ಒಂದು ಕೆಟ್ಟ ನೆನಪೂ ಇದೆ. 1919ರ ಜನವರಿ 15ರಂದು ದೊಡ್ಡ ಕಾಕಂಬಿ ಟ್ಯಾಂಕ್ ಒಡೆದು, ಬೀದಿಗೆ ನುಗ್ಗಿದ ಪಾಕದಲ್ಲಿ ಸಿಕ್ಕಿ 21 ಜನ ಸತ್ತರು.

ಹೀಗೆ ತಾಸುಗಟ್ಟಲೆ ನಿಧಾನವಾಗಿ ಬೇಯಿಸುವ ವಿದ್ಯುತ್ ಪಾತ್ರೆಯಾದ ಸ್ಲೋ ಕುಕ್ಕರ್ ಹುಟ್ಟಿದ್ದೇ ಕಾಳು ಬೇಯಿಸಲಿಕ್ಕೆ. ಷಿಕಾಗೋದ ಇರ್ವಿಂಗ್ ನ್ಯಾಕ್ಸನ್‌ಗೆ 1940ರಲ್ಲಿ ಇದರ ಪೇಟೆಂಟ್ ಸಿಕ್ಕಿತು. ಲಿಥುವೇನಿಯಾದಲ್ಲಿ ಬೇಕರಿಯ ಆರುವ ಒಲೆಯೊಳಗೆ ರಾತ್ರಿಯಿಡೀ ಬೇಯುತ್ತಿದ್ದ ಕಾಳಿನ ಅಡುಗೆಯ ಕಥೆಯನ್ನು ಆತ ತಾಯಿಯ ಬಾಯಲ್ಲಿ ಕೇಳಿದ್ದ. 'ಕ್ರಾಕ್-ಪಾಟ್' ಎಂಬ ಹೆಸರು ಬಂದದ್ದು 1971ರಲ್ಲಿ, ಬೇರೆ ಕಂಪನಿ ಅದನ್ನು ಕೊಂಡ ಮೇಲೆ. ಆದರೆ ಕಲ್ಕತ್ತೆಯ ಡಾಕ್ಟರ್ ಇಂದುಮಾಧವ ಮಲ್ಲಿಕ್ 1910ರಲ್ಲೇ ಇಕ್ಮಿಕ್ ಕುಕ್ಕರ್ ಮಾಡಿದ್ದರು: ಕೆಳಗೆ ಇದ್ದಿಲ ಕೆಂಡ, ಮೇಲೆ ಡಬ್ಬಿಯ ಮೇಲೆ ಡಬ್ಬಿ. ಹೊತ್ತಿಸಿಟ್ಟು ಕೆಲಸಕ್ಕೆ ಹೋದರೆ ಬರುವಷ್ಟರಲ್ಲಿ ಊಟ ಸಿದ್ಧ.

ಇನ್ನು ಮುಂದಿನದನ್ನು ದಯವಿಟ್ಟು ಎರಡು ಸಲ ಓದಿ. ಹಸಿ ರಾಜ್ಮಾವನ್ನು ನೇರವಾಗಿ ಸ್ಲೋ ಕುಕ್ಕರಿಗೆ ಹಾಕಬಾರದು. ಅದರಲ್ಲಿ ಫೈಟೊಹಿಮಾಗ್ಲುಟಿನಿನ್ ಎಂಬ ವಿಷದಂಶ ಇದೆ, ನಾಲ್ಕೈದು ಹಸಿ ಕಾಳು ತಿಂದರೂ ವಾಂತಿ, ಭೇದಿ ಹಿಡಿಯಬಹುದು. ಭರ್ಜರಿ ಕುದಿಗೆ ಇದು ನಾಶವಾಗುತ್ತದೆ. 80 ಡಿಗ್ರಿಯ ಸುಮಾರಿನಲ್ಲೇ ನಿಂತರೆ ಕಾಳು ಹಸಿಯದಕ್ಕಿಂತ ಹೆಚ್ಚು ಅಪಾಯಕಾರಿಯಾಗುತ್ತದೆ! ಕನಿಷ್ಠ 5 ತಾಸು ನೆನೆಸಿ, ಆ ನೀರು ಚೆಲ್ಲಿ, ಹೊಸ ನೀರಲ್ಲಿ ಅರ್ಧ ತಾಸು ಒಲೆಯ ಮೇಲೆ ಕುದಿಸಿ, ಆಮೇಲೆ ಕುಕ್ಕರಿಗೆ. ಬೇಕ್ಡ್ ಬೀನ್ಸ್‌ನ ಬಿಳಿ ಕಾಳೂ ರಾಜ್ಮಾದ ಜಾತಿಯದೇ. ಕಡಲೆಬೇಳೆಗೆ ಈ ತಂಟೆ ಇಲ್ಲ.

ಈ ರಾಜ್ಮಾ ಅಮೆರಿಕ ಖಂಡದ ಬೆಳೆ. ನಮ್ಮ ಹಳೆಯ ಕಾಳುಗಳೇ ಬೇರೆ. ಕೃಷ್ಣದೇವರಾಯನ ಕಾಲದ ಹಂಪಿಯನ್ನು ಕಂಡ ಪೋರ್ಚುಗೀಸ್ ಪ್ರವಾಸಿ ಡೊಮಿಂಗೊ ಪಾಯಸ್ ಪೇಟೆಯಲ್ಲಿ ನೋಡಿದ ಧಾನ್ಯಗಳ ಪಟ್ಟಿಯಲ್ಲಿ ಹೆಸರುಕಾಳೂ ಹುರುಳಿಯೂ ಇವೆ. ಹುರುಳಿಯ ಹಳಮೆ ಅದಕ್ಕೂ ಆಚೆ ಹೋಗುತ್ತದೆ: ಬಳ್ಳಾರಿ ಪಕ್ಕದ ಸಂಗನಕಲ್ಲಿನ ನವಶಿಲಾಯುಗದ ನೆಲೆಯಲ್ಲಿ ಸುಟ್ಟು ಕರಿಕಾದ ಹುರುಳಿ ಮತ್ತು ಹೆಸರುಕಾಳು ಸಿಕ್ಕಿವೆ.

ನಮ್ಮ ಬೇಕ್ಡ್ ಬೀನ್ಸ್ ಯಾವುದು ಅಂತೀರಾ? ಕಡಲೆಬೇಳೆ, ಬೆಲ್ಲದ ಹಯಗ್ರೀವ! ಸೋದೆಯ ವಾದಿರಾಜರು ಇದನ್ನು ಹರಿವಾಣದಲ್ಲಿಟ್ಟು ತಲೆಯ ಮೇಲೆ ಹೊತ್ತರೆ, ಕುದುರೆ ರೂಪದ ದೇವರು ಹಿಂದಿನಿಂದ ಬಂದು ತಿನ್ನುತ್ತಿದ್ದನಂತೆ. ಹೂರಣದಂತೆ ಹಯಗ್ರೀವವನ್ನು ರುಬ್ಬುವ ಹಾಗಿಲ್ಲ. ಬೇಳೆ ಬೆಂದಿರಬೇಕು, ಆಕಾರ ಕೆಡಬಾರದು. ಈ ಕೆಲಸಕ್ಕೆ ಸ್ಲೋ ಕುಕ್ಕರ್ ಹೇಳಿ ಮಾಡಿಸಿದ ಹಾಗಿದೆ. ಒಂದು ಲೋಟ ಬೇಳೆಯನ್ನು ತಾಸು ನೆನೆಸಿ, ಮೂರು ಲೋಟ ಕುದಿಯುವ ನೀರು ಹಾಕಿ ಹೆಚ್ಚಿನ ಶಾಖದಲ್ಲಿಡಿ. ಮೂರು ತಾಸಿನ ಆಚೆ ಒಂದು ಬೇಳೆ ತೆಗೆದು ಎರಡು ಬೆರಳ ನಡುವೆ ಒತ್ತಿ ನೋಡಿ. ನಡುವೆ ಬಿಳಿ ಚುಕ್ಕೆ ಕಂಡರೆ ಇನ್ನೂ ಆಗಿಲ್ಲ. ಚುಕ್ಕೆ ಹೋದ ಮೇಲೆ ನೀರು ಬಸಿದು, ಕರಗಿಸಿ ಸೋಸಿದ ಒಂದು ಲೋಟ ಬೆಲ್ಲ ಹಾಕಿ, ಮುಚ್ಚಳ ತೆರೆದಿಟ್ಟು ನೀರು ಆರಗೊಡಿ. ಸೋಸದಿದ್ದರೆ ಹಲ್ಲಿಗೆ ಮರಳು ಗ್ಯಾರಂಟಿ. ಕೊನೆಗೆ ತುಪ್ಪ, ಕೊಬ್ಬರಿ, ಹುರಿದ ಗಸಗಸೆ, ಏಲಕ್ಕಿ. ದ್ರಾಕ್ಷಿ, ಗೋಡಂಬಿಗೆ ನನ್ನದೇನೂ ತಕರಾರಿಲ್ಲ.

ಬಸಿದ ನೀರು ಚೆಲ್ಲಬೇಡಿ, ಅದೇ ಕಟ್ಟಿನ ಸಾರು.

"ಈ ಬೋರಿನ ನೀರಿಗೆ ಬ್ಯಾಳಿ ಬೇಯಂಗಿಲ್ಲ" ಎನ್ನುವುದು ನೆಪವಲ್ಲ. ಗಡಸು ನೀರಿನಲ್ಲೂ ಬೆಲ್ಲದಲ್ಲಿರುವ ಅದೇ ಕ್ಯಾಲ್ಸಿಯಂ ಇರುತ್ತದೆ. ಚಿಟಿಕೆ ಅಡುಗೆ ಸೋಡಾ ಹಾಕಿದರೆ ಬೇಗ ಬೇಯುತ್ತದೆ. ಚಿಟಿಕೆಗಿಂತ ಹೆಚ್ಚಾದರೆ ಸಾಬೂನಿನ ರುಚಿ.

ಡಬ್ಬಿಯ ಬೇಕ್ಡ್ ಬೀನ್ಸ್ ಸಾಮಾನ್ಯವಾಗಿ ಒಲೆಯಲ್ಲಿ ಬೇಕ್ ಆಗಿರುವುದೇ ಇಲ್ಲ, ಮುಚ್ಚಿದ ಡಬ್ಬಿಯೊಳಗೆ ಹಬೆಯಲ್ಲಿ ಬೆಂದಿರುತ್ತದೆ. ಹೈಂಜ್ ಡಬ್ಬಿ ಮೊದಲು ಲಂಡನ್ನಿನ ಫೋರ್ಟ್‌ನಮ್ ಅಂಡ್ ಮೇಸನ್ ಅಂಗಡಿಗೆ ಬಂದಾಗ ಅದು ಶ್ರೀಮಂತರ ತಿನಿಸು. ನಮ್ಮಲ್ಲಿ ಎತ್ತಿಗೆಂದು ಹುರುಳಿ ಬೇಯಿಸಿದ ಒಕ್ಕಲು ಮನೆಗಳು ಕಾಳನ್ನು ಎತ್ತಿಗಿಟ್ಟು, ಕಟ್ಟಿನ ಸಾರನ್ನು ತಾವು ಉಂಡವು.