ಬಾಗೇಪಲ್ಲಿಯ ಕೆಂಬಾವುಟ

ಮನೆಮಾತು ತೆಲುಗಾಗಿದ್ದೂ ಕಚೇರಿಯ ಅರ್ಜಿ ಕನ್ನಡದಲ್ಲಿರುವ, ಕಾರ್ಖಾನೆಗಳಿಗಿಂತ ಮಳೆಯಾಶ್ರಯದ ಕಡಲೆಕಾಯಿಯ ಹೊಲಗಳನ್ನೇ ನಂಬಿ ಬದುಕಿದ ಬಾಗೇಪಲ್ಲಿಯಂತಹ ಗಡಿಸೀಮೆಯಿಂದ ಕೆಂಬಾವುಟವು ವಿಧಾನಸಭೆಯವರೆಗೂ ನಡೆದುದು ಸೋಜಿಗವೇ ಸರಿ. ವಿದ್ಯಾರ್ಥಿ ಚಳವಳಿಯಲ್ಲಿ ಪಳಗಿದ ಜಿ.ವಿ. ಶ್ರೀರಾಮರೆಡ್ಡಿಯವರು 1994ರಲ್ಲಿಯೂ 2004ರಲ್ಲಿಯೂ ಸಿಪಿಎಂ ಅಭ್ಯರ್ಥಿಯಾಗಿ ಇಲ್ಲಿಂದ ಆರಿಸಿಬಂದು, ಪಕ್ಷದ ರಾಜ್ಯ ಕಾರ್ಯದರ್ಶಿಯ ಹೊಣೆಯನ್ನೂ ಹೊತ್ತರು. ಬಾವುಟ ಹಿಡಿದವರು ಶಾಸಕರಾದ ಮೇಲೆ ಬಾವುಟವನ್ನು ಮೂಲೆಗಿಡುವುದು ನಮ್ಮಲ್ಲಿ ಅಪರೂಪವಲ್ಲ. ಇವರು ಹಾಗೆ ಮಾಡಲಿಲ್ಲ; ನೀರಿನ ಹೋರಾಟದಲ್ಲಿಯೂ ಅದನ್ನು ಹಿಡಿದೇ ನಿಂತರು.

ಸಾವಿರ ಅಡಿ ಕೊರೆದರೂ ಕೊಳವೆಬಾವಿಯಿಂದ ಬರಿಯ ಬಿಳಿಧೂಳು ಚಿಮ್ಮುವಾಗ, ಸುತ್ತ ನಿಂತ ಮನೆಮಂದಿಯೆಲ್ಲ ಒಬ್ಬರ ಮುಖವನ್ನೊಬ್ಬರು ನೋಡದೆ ಸುಮ್ಮನಾಗುವುದನ್ನು ಕಂಡವರಿಗೆ, ಶಾಶ್ವತ ನೀರಾವರಿಯ ಬೇಡಿಕೆಯು ಈ ಬಯಲುಸೀಮೆಯ ರಾಜಕಾರಣದ ಉಸಿರಾದುದೇಕೆಂದು ವಿವರಿಸಬೇಕಾಗಿಲ್ಲ.

ಆದರೂ 2013ರಲ್ಲಿಯೂ 2018ರಲ್ಲಿಯೂ ಶ್ರೀರಾಮರೆಡ್ಡಿಯವರು ಚುನಾವಣೆಯಲ್ಲಿ ಸೋತರು. ಬಳಿಕ ಪಕ್ಷದಿಂದಲೇ ದೂರವಾದರು. ನನ್ನ ಮಟ್ಟಿಗೆ ಆ ಅಗಲಿಕೆಯು ಸೋಲಿಗಿಂತ ದೊಡ್ಡದು. 2022ರ ಏಪ್ರಿಲ್‌ನಲ್ಲಿ ಅವರು ತೀರಿಕೊಂಡರು.