ಸಿನಿಮಾಗೆ ಮುಂಚೆ ಬರ್ತಿದ್ದ ‘ಸರ್ಕಾರಿ ರೀಲು’: 20ರ ಹುಡುಗರು ಏನಂದಿದ್ರು?

ನಾಗಸಂದ್ರ: ಟಾಕೀಸಿನಲ್ಲಿ ಸಿನಿಮಾ ಶುರುವಾಗೋ ಮೊದಲು ಕಪ್ಪು-ಬಿಳುಪಿನ ‘ಸರ್ಕಾರಿ ರೀಲು’ ಬರುತ್ತಿದ್ದದ್ದು ಹಿರಿಯರಿಗೆ ನೆನಪಿರಬಹುದು. ಅದನ್ನು ತಯಾರಿಸುತ್ತಿದ್ದದ್ದು 1948ರಲ್ಲಿ ಶುರುವಾದ, ಕೇಂದ್ರ ಸರ್ಕಾರದ ಫಿಲ್ಮ್ಸ್ ಡಿವಿಷನ್. ಟಾಕೀಸಿನ ಲೈಸೆನ್ಸ್ ಉಳಿಯಬೇಕಾದರೆ ಇಂಥ ರೀಲು ತೋರಿಸಲೇಬೇಕಿತ್ತು. ಅದರಲ್ಲಿ ಅಣೆಕಟ್ಟು, ಕಾರ್ಖಾನೆ, ಯೋಜನೆಗಳ ಪ್ರಚಾರವೇ ಜಾಸ್ತಿ.

ಆದರೆ 1967ರ ‘ಐ ಆಮ್ 20’ ಬೇರೆ ತರಹದ್ದು. ನಿರ್ದೇಶಕ ಎಸ್.ಎನ್.ಎಸ್. ಶಾಸ್ತ್ರಿ. ಸ್ವಾತಂತ್ರ್ಯ ಬಂದ 1947ರಲ್ಲೇ ಹುಟ್ಟಿದ ಹುಡುಗ-ಹುಡುಗಿಯರ ಮುಂದೆ ಕ್ಯಾಮೆರಾ ಇಟ್ಟು, ದೇಶದ ಬಗ್ಗೆ ಏನನ್ನಿಸುತ್ತೆ ಅಂತ ಕೇಳಿದರು. ಕೆಲವರು ಹೆಮ್ಮೆಯಿಂದ ಮಾತಾಡಿದರು. ಕೆಲವರು ಅಸಮಾಧಾನವನ್ನು ನೇರವಾಗಿಯೇ ಹೇಳಿದರು. ಸರ್ಕಾರದ ದುಡ್ಡಿನ ಚಿತ್ರದಲ್ಲೇ ಆ ಮಾತೂ ಉಳಿಯಿತು. ಸುಮಾರು 20 ನಿಮಿಷದ ಈ ಚಿತ್ರ ಯೂಟ್ಯೂಬ್‌ನಲ್ಲಿ ಸಿಗುತ್ತೆ.

ಅಂದು 20 ಆಗಿದ್ದವರಿಗೆ ಈಗ 80ರ ಹತ್ತಿರ. ನಾಗಸಂದ್ರದಲ್ಲೂ ಆ ವಯಸ್ಸಿನವರಿದ್ದಾರೆ. ಪೀಣ್ಯಕ್ಕೆ ಕಾರ್ಖಾನೆಗಳು ಬರೋ ಮುಂಚಿನ ಕಾಲ ಕಂಡವರು, 2015ರಲ್ಲಿ ತುಮಕೂರು ರಸ್ತೆ ಮೇಲೆ ಇಲ್ಲಿವರೆಗೂ ಮೆಟ್ರೋ ಬಂದದ್ದನ್ನೂ ಕಂಡವರು. ಅವರ ಮಾತು ಉಳಿಸೋಕೆ ಈಗ ಸರ್ಕಾರದ ಕ್ಯಾಮೆರಾ ಬೇಕಿಲ್ಲ. ಅಂಗಡಿ ಮುಂದೆ ಕೂರೋ ಅಜ್ಜ-ಅಜ್ಜಿಯ ಎದುರು ಮೊಬೈಲ್ ಇಟ್ಟು 10 ನಿಮಿಷ ಕೇಳಿದರೂ ಸಾಕು.