ಕನ್ನಡದ ಪ್ರಕಟಣೆ ಬಿಹಾರ ತಲುಪುವುದೇ?

2025ರ ಮೇ 21. ಬೆಂಗಳೂರು ಹೊರವಲಯದ ಆನೇಕಲ್ ತಾಲ್ಲೂಕಿನ ಹಳೇ ಚಂದಾಪುರದ ರೈಲ್ವೆ ಸೇತುವೆ ಬಳಿ ಬಿದ್ದಿದ್ದ ನೀಲಿ ಸೂಟ್‌ಕೇಸ್‌ನಲ್ಲಿ ಹುಡುಗಿಯೊಬ್ಬಳ ಶವ ಸಿಕ್ಕಿತು. ಚಲಿಸುವ ರೈಲಿನಿಂದ ಎಸೆದಿರಬೇಕು ಎಂಬುದು ಮೊದಲ ಅನುಮಾನ. ಹೆಸರು, ಊರು ಹೇಳುವ ಒಂದು ಚೀಟಿಯೂ ಇರಲಿಲ್ಲ. ಸೂರ್ಯನಗರ ಠಾಣೆಯಲ್ಲಿ ಪ್ರಕರಣ ದಾಖಲಾಯಿತು.

ವಾಹಿನಿಗಳಲ್ಲಿ ಸೂಟ್‌ಕೇಸೇ ಸುದ್ದಿಯಾಯಿತು. ಅದರ ಬಣ್ಣ ಊರಿಗೆಲ್ಲ ಗೊತ್ತಾಯಿತು, ಒಳಗಿದ್ದವಳು ಯಾರ ಮಗಳು ಎಂಬುದು ಅಂದು ಯಾರಿಗೂ ಗೊತ್ತಿರಲಿಲ್ಲ. ಜೂನ್‌ನಲ್ಲಿ ಪೊಲೀಸರು ಬಿಹಾರಕ್ಕೆ ಹೋಗಿ ಏಳು ಮಂದಿಯನ್ನು ಬಂಧಿಸಿದರು. ಹುಡುಗಿಯೂ ಬಿಹಾರದವಳು, ಅಪ್ರಾಪ್ತೆ. ಕೊಲೆ ನಡೆದದ್ದು ರೈಲಿನಲ್ಲಲ್ಲ, ಇದೇ ಆನೇಕಲ್ ಭಾಗದಲ್ಲಿ ಎಂದು ಪೊಲೀಸರು ಹೇಳಿದರು. ಆರೋಪ ಸಾಬೀತಾಗಬೇಕಾದದ್ದು ನ್ಯಾಯಾಲಯದಲ್ಲಿ.

ಸತ್ತವರು ಯಾರೆಂದು ತಿಳಿದರೆ ಜೊತೆಗಿದ್ದವರು ಯಾರು, ಕೊನೆಯ ಫೋನ್ ಕರೆ ಯಾರದು ಎಂಬ ದಾರಿ ತೆರೆಯುತ್ತದೆ. ಗುರುತೇ ಸಿಗದಿದ್ದರೆ ಕಡತ ಅಲ್ಲಿಗೇ ನಿಲ್ಲುತ್ತದೆ. ಚಂದಾಪುರದ ಸುತ್ತ ಈ ಮೊದಲ ಹೆಜ್ಜೆಯೇ ಕಷ್ಟ. ಬೊಮ್ಮಸಂದ್ರ, ಜಿಗಣಿ, ಅತ್ತಿಬೆಲೆಯ ಕಾರ್ಖಾನೆಗಳಿಗೆ ಬಿಹಾರ, ಒಡಿಶಾ, ಅಸ್ಸಾಂನಿಂದ ಜನ ಬರುತ್ತಾರೆ. ಒಬ್ಬ ಕೆಲಸಕ್ಕೆ ಬಾರದಿದ್ದರೆ ‘ಊರಿಗೆ ಹೋಗಿರಬೇಕು’ ಎಂದು ಮೇಸ್ತ್ರಿ ಮತ್ತೊಬ್ಬನನ್ನು ಕರೆತರುತ್ತಾನೆ. ಅತ್ತ ಊರಿನವರು, ಬೆಂಗಳೂರಿನಲ್ಲಿ ದುಡಿಯುತ್ತಿದ್ದಾನೆ ಎಂದುಕೊಂಡಿರುತ್ತಾರೆ. ಇಬ್ಬರೂ ಠಾಣೆಗೆ ಹೋಗುವುದಿಲ್ಲ.

ಗುರುತು ಸಿಗದ ಶವದ ಬಗ್ಗೆ ಪತ್ರಿಕೆಯ ಮೂಲೆಯಲ್ಲಿ ಬರುವ ಪೊಲೀಸ್ ಪ್ರಕಟಣೆ ನೋಡಿ: ‘ಸುಮಾರು 25 ವರ್ಷ, ಎಣ್ಣೆಗೆಂಪು ಮೈಬಣ್ಣ, ಕೋಲುಮುಖ, ಸಾಧಾರಣ ಮೈಕಟ್ಟು, ವಾರಸುದಾರರು ಸಂಪರ್ಕಿಸಿ.’ ಈ ಚಹರೆಗೆ ಹೊಂದುವವರು ಚಂದಾಪುರ ಸರ್ಕಲ್‌ನಲ್ಲಿ ಸಂಜೆ ಬಸ್ಸಿಗೆ ಕಾಯುವವರಲ್ಲೇ ಎಷ್ಟು ಮಂದಿ! ಹಚ್ಚೆ, ಹಳೆಯ ಗಾಯದ ಗುರುತು, ಅಂಗಿಯ ಕಾಲರಿನ ಟೈಲರ್ ಲೇಬಲ್, ಇಂಥವೇ ಒಬ್ಬ ತಾಯಿಗೆ ಮಗನನ್ನು ತೋರಿಸಿಕೊಡುವುದು. ಆದರೆ ದೂರದ ಊರಿನ ಆ ತಾಯಿಗೆ ಕನ್ನಡ ಬಾರದು. ಪ್ರಕಟಣೆ ಹಿಂದಿ, ಒಡಿಯಾ, ಅಸ್ಸಾಮಿಯಲ್ಲೂ ಹೊರಡಬೇಕು, ಆಯಾ ಜಿಲ್ಲೆಗಳ ಠಾಣೆ ತಲುಪಬೇಕು.

ಪತ್ರಕರ್ತರ ಪಾಲೂ ಇಲ್ಲಿದೆ. ಶವ ಸಿಕ್ಕ ದಿನ ಕ್ಯಾಮೆರಾ ಹಿಡಿದು ಓಡುವ ನಾವು ತಿಂಗಳ ನಂತರ ಅದೇ ಠಾಣೆಗೆ ಹೋಗಿ ‘ಗುರುತು ಸಿಕ್ಕಿತೇ’ ಎಂದು ಕೇಳುವುದು ಅಪರೂಪ. ತನಿಖಾ ವರದಿ ಎಂದರೆ ಆ ಎರಡನೇ ಭೇಟಿ. ನಾವು ನವದೆಹಲಿಯ ಹಗರಣಗಳಿಗೆ ಕೊಡುವ ಶ್ರಮದ ಒಂದು ಪಾಲನ್ನು ಈ ಕಡತಗಳಿಗೂ ಕೊಡಬೇಕು.

ಗುರುತಿನ ದಾರಿ ಶುರುವಾಗುವುದು ಕಾಣೆಯಾದವರ ದೂರಿನಿಂದ. ಮಕ್ಕಳು ಕಾಣೆಯಾದರೆ ಎಫ್‌ಐಆರ್ ದಾಖಲಿಸಲೇಬೇಕು, ಅಪಹರಣ ಅಥವಾ ಸಾಗಣೆ ಎಂದೇ ಭಾವಿಸಿ ಹುಡುಕಬೇಕು ಎಂದು ಸುಪ್ರೀಂ ಕೋರ್ಟ್ 2013ರಲ್ಲೇ ಹೇಳಿದೆ. ಒಂದು ದಿನ ಕಾದು ಬನ್ನಿ ಎನ್ನುವ ಕಾನೂನಿಲ್ಲ. ನಿಮ್ಮ ವಠಾರದ, ನಿಮ್ಮ ಕಾರ್ಖಾನೆಯ ಯಾರಾದರೂ ಹೇಳದೆ ಕೇಳದೆ ಕಾಣದಾದರೆ ಅವರ ಮನೆಗೆ ಒಂದು ಫೋನ್ ಮಾಡಿ. ಅಲ್ಲೂ ಇಲ್ಲವೆಂದರೆ 112ಕ್ಕೆ, ಮಕ್ಕಳಾದರೆ 1098ಕ್ಕೆ ಕರೆ ಮಾಡಿ.